ಸ್ವೆತ್ಲಾನಾ: ಈ ಹೆಸರಿನ ಅರ್ಥ ಏನು, ಎಷ್ಟು ಹಳೇದು?

ದಾವಣಗೆರೆ_ಅಕ್ಕ:
ಎಲ್ಲರಿಗೂ ನಮಸ್ಕಾರ. ನಮ್ಮನೇಲಿ ಒಂದು ಹೆಸರಿನ ಜಗ್ಗಾಟ ನಡೀತಿದೆ, ತಿಳಿದವರು ಬಿಡಿಸಿ ಹೇಳಿ. ನನ್ನ ತಮ್ಮ ಮಂಜುನಾಥ ರಷ್ಯಾದ ಕಜಾನ್‌ನಲ್ಲಿ ಮೆಡಿಕಲ್ ಓದಿ, ಅಲ್ಲಿಯವಳನ್ನೇ ಮದುವೆಯಾಗಿ ಅಲ್ಲೇ ಕೆಲಸದಲ್ಲಿದ್ದಾನೆ. ಹೋದ ತಿಂಗಳು ಹೆಣ್ಣುಮಗು ಹುಟ್ಟಿದೆ. ಅವನ ಅತ್ತೆಯ ಹೆಸರು ಸ್ವೆತ್ಲಾನಾ. ಮೊಮ್ಮಗಳಿಗೂ ಅದೇ ಇರಲಿ ಅಂತ ಅವರಿಗೆ ಆಸೆ, ತಮ್ಮನೂ ಹೂಂ ಅಂದಿದ್ದಾನೆ. ಮಗುವಿನದು ಶತಭಿಷ ನಕ್ಷತ್ರ, ಗೊ, ಸ, ಸಿ, ಸು ಬರುತ್ತೆ. ಹಾಗಾಗಿ ‘ಸ’ದಿಂದ ಶುರುವಾಗೋದಕ್ಕೆ ಅಮ್ಮನ ತಕರಾರಿಲ್ಲ. ಆದರೆ "ಅರ್ಥ ಏನು, ಯಾರ ಹೆಸರು, ಎಲ್ಲಿಂದ ಬಂತು, ಮೊದಲು ಅದನ್ನ ಹೇಳಿ, ಆಮೇಲೆ ತೊಟ್ಟಿಲ ಶಾಸ್ತ್ರ" ಅಂತ ಕೂತಿದ್ದಾರೆ.

ಇನ್ನೊಂದು ಗೊಂದಲ. ಅಲ್ಲಿಯ ಚರ್ಚಿನ ಪಾದ್ರಿ, ಕಾಗದಪತ್ರದಲ್ಲಿ ಸ್ವೆತ್ಲಾನಾ ಇರಲಿ, ದೀಕ್ಷಾಸ್ನಾನ ಮಾತ್ರ ‘ಫೋತಿನಿಯಾ’ ಅನ್ನೋ ಹೆಸರಲ್ಲಿ ಆಗಬೇಕು ಅಂದರಂತೆ. ಅತ್ತೆಯವರಿಗೂ ಹಾಗೇ ಆಗಿತ್ತಂತೆ. ಅವರದೇ ದೇಶದ ಹೆಸರಿಗೆ ಅವರ ಚರ್ಚಿನಲ್ಲೇ ಯಾಕೆ ಜಾಗ ಇಲ್ಲ?

ಬೆಣ್ಣೆದೋಸೆ_ಪ್ರಿಯ:
ಅಭಿನಂದನೆ ಅಕ್ಕಾ! ಸೋದರತ್ತೆ ಆದ್ರಿ. ಮಂಡಕ್ಕಿ ಮೆಣಸಿನಕಾಯಿ ಯಾವಾಗ?

ಓದುಗ72:
ಬಹಳ ಪುರಾತನ ಹೆಸರು. ಕ್ರೈಸ್ತಧರ್ಮ ಬರೋಕೆ ಮುಂಚೆ ಸ್ಲಾವ್ ಜನ (ರಷ್ಯನ್ನರ ಪೂರ್ವಜರು) ಪೂಜಿಸುತ್ತಿದ್ದ ಬೆಳಕಿನ ದೇವತೆ. ಅದಕ್ಕೇ ಚರ್ಚಿನವರು ಒಪ್ಪಲ್ಲ. ಧೈರ್ಯವಾಗಿ ಇಡಿ.

ಪದಮೂಲ:
@ಓದುಗ72 ಆ ಹೆಸರಿನ ದೇವತೆ ಇರಲಿಲ್ಲ ಸರ್. ಅಂತರ್ಜಾಲದ ಮಕ್ಕಳ ಹೆಸರಿನ ಪಟ್ಟಿಗಳಲ್ಲಿ ಈ ಕಥೆ ಓಡಾಡುತ್ತೆ. ನಿಜ ಸಂಗತಿ ಅದಕ್ಕಿಂತ ಸ್ವಾರಸ್ಯವಾಗಿದೆ.

ಸ್ವೆತ್ಲಾನಾ ಕವಿಗಳು ಹುಟ್ಟಿಸಿದ ಹೆಸರು. ರಷ್ಯನ್ ಭಾಷೆಯಲ್ಲಿ ‘ಸ್ವೆತ್’ ಅಂದರೆ ಬೆಳಕು, ‘ಸ್ವೆತ್ಲಿ’ ಅಂದರೆ ಬೆಳಗುವ, ತಿಳಿಯಾದ. 1802ರಲ್ಲಿ ಅಲೆಕ್ಸಾಂಡರ್ ವೊಸ್ತೊಕೊವ್ ಅನ್ನುವವನು ‘ಸ್ವೆತ್ಲಾನಾ ಮತ್ತು ಮ್‌ಸ್ತಿಸ್ಲಾವ್’ ಎಂಬ ಕಾವ್ಯ ಬರೆದ. ಹಳೇ ಕಾಲದ ವೀರರ ಕಥೆ, ನಾಯಕಿಗೆ ಹಳೇ ಸ್ಲಾವ್ ಧಾಟಿಯ ಹೆಸರು ಬೇಕಿತ್ತು, ತಾನೇ ಕಟ್ಟಿದ. ಅವನು ಮುಂದೆ ಪ್ರಾಚೀನ ಸ್ಲಾವ್ ಭಾಷೆಯ ದೊಡ್ಡ ವಿದ್ವಾಂಸನಾದ, ಹಾಗಾಗಿ ಪದ ಕಟ್ಟುವುದು ಅವನಿಗೆ ಬರುತ್ತಿತ್ತು. ಅವನ ಹುಟ್ಟುಹೆಸರೇ ಬೇರೆ! ಬಾಲ್ಟಿಕ್ ಸಮುದ್ರದ ಒಂದು ದ್ವೀಪದಲ್ಲಿ ಹುಟ್ಟಿದ ಜರ್ಮನ್ ಹೆಸರಿನವನು, ಓಸ್ಟೆನೆಕ್. ‘ಓಸ್ಟೆನ್’ ಅಂದರೆ ಪೂರ್ವ, ರಷ್ಯನ್‌ನಲ್ಲಿ ‘ವೊಸ್ತೋಕ್’. ತನ್ನ ಹೆಸರನ್ನೂ ಹಾಗೇ ತಿರುಗಿಸಿಕೊಂಡ.

ಆದರೆ ಹೆಸರು ಮನೆಮನೆಗೆ ಮುಟ್ಟಿದ್ದು ವಸೀಲಿ ಝುಕೊವ್ಸ್ಕಿಯ ಕಥನಕವನದಿಂದ. 1808ರಲ್ಲಿ ಶುರು ಮಾಡಿ 1812ರಲ್ಲಿ ಮುಗಿಸಿದ, 1813ರಲ್ಲಿ ಅಚ್ಚಾಯಿತು. ಅದರ ಹೆಸರೇ ‘ಸ್ವೆತ್ಲಾನಾ’.

ಮಲ್ನಾಡ್_ಹುಡ್ಗಿ:
ಕಥೆ ಏನು? ಹೇಳಿ ಹೇಳಿ.

ಪದಮೂಲ:
ಚಳಿಗಾಲ, ದೀಕ್ಷಾಸ್ನಾನದ ಹಬ್ಬದ ಹಿಂದಿನ ರಾತ್ರಿ. ರಷ್ಯಾದ ಹುಡುಗಿಯರು ಆವತ್ತು ಗಂಡ ಯಾರು ಅಂತ ಶಕುನ ನೋಡುತ್ತಿದ್ದರು. ಕಾಲಿನ ಚಪ್ಪಲಿ ಕಳಚಿ ಬಾಗಿಲಾಚೆ ಎಸೆಯೋದು, ಮೇಣ ಕರಗಿಸಿ ಸುರಿಯೋದು, ಕಿಟಕಿ ಕೆಳಗೆ ನಿಂತು ಕಿವಿಗೊಡೋದು. ಸ್ವೆತ್ಲಾನಾಳ ನಲ್ಲ ದೂರ ಹೋಗಿ ಒಂದು ವರ್ಷ, ಸುದ್ದಿಯಿಲ್ಲ. ನಡುರಾತ್ರಿ ಒಬ್ಬಳೇ ಕನ್ನಡಿ ಎದುರು ದೀಪ ಇಟ್ಟು ಕೂರುತ್ತಾಳೆ. ಅವನು ಬರುತ್ತಾನೆ, ಜಾರುಬಂಡಿಯಲ್ಲಿ ಕೂರಿಸಿಕೊಂಡು ಹಿಮದ ಬಯಲಲ್ಲಿ ಓಡಿಸುತ್ತಾನೆ, ಬಾಯಿ ಮಾತ್ರ ಬಿಡುವುದಿಲ್ಲ. ದಾರಿಯ ಚರ್ಚಿನಲ್ಲಿ ಕಪ್ಪು ಶವಪೆಟ್ಟಿಗೆ. ಕೊನೆಗೆ ಒಂದು ಗುಡಿಸಲು, ಒಳಗೆ ಹೆಣ, ಅದು ಅವನೇ! ಒಂದು ಬಿಳಿ ಪಾರಿವಾಳ ಬಂದು ಇವಳನ್ನು ಕಾಯುತ್ತದೆ. ಅಷ್ಟರಲ್ಲಿ ಎಚ್ಚರ. ಬೆಳಗಾಗಿದೆ, ಹೊರಗೆ ಗಂಟೆಯ ಸದ್ದು, ನಲ್ಲ ನಿಜವಾಗಿಯೂ ಜೀವಂತ ಬಂದಿಳಿಯುತ್ತಾನೆ.

ಇದರ ಮೂಲ ಬ್ಯುರ್ಗರ್ ಎಂಬ ಜರ್ಮನ್ ಕವಿಯ 1773ರ ‘ಲೆನೋರೆ’. ಅದರಲ್ಲಿ ಸತ್ತ ಪ್ರಿಯಕರ ಹುಡುಗಿಯನ್ನು ಸಮಾಧಿಗೇ ಕರೆದೊಯ್ಯುತ್ತಾನೆ. ಝುಕೊವ್ಸ್ಕಿ ಮೊದಲು 1808ರಲ್ಲಿ ‘ಲ್ಯುದ್ಮಿಲಾ’ ಹೆಸರಲ್ಲಿ ಅದೇ ಘೋರ ಅಂತ್ಯ ಇಟ್ಟು ಬರೆದಿದ್ದ. ಎರಡನೇ ಸಲ ಎಲ್ಲ ಭಯವನ್ನೂ ಕನಸಿಗೆ ಹಾಕಿ ಹುಡುಗಿಯನ್ನು ಬೆಳಕಿಗೆ ತಂದ, ಸ್ವೆತ್ಲಾನಾ ಅಂತ ಹೆಸರಿಟ್ಟ. ಹತ್ತಿರದ ಸಂಬಂಧಿ ಹುಡುಗಿಯ ಮದುವೆಗೆ ಉಡುಗೊರೆಯಾಗಿ ಕೊಟ್ಟ ಕವನ ಅದು. ಆಮೇಲೆ ಆಕೆಯನ್ನು ಸ್ನೇಹಿತರೆಲ್ಲ ಸ್ವೆತ್ಲಾನಾ ಅಂತಲೇ ಕರೆದರು. ಸಾಹಿತಿಗಳ ಕೂಟದಲ್ಲಿ ಝುಕೊವ್ಸ್ಕಿಯ ಅಡ್ಡಹೆಸರೂ ಅದೇ ಆಯಿತು.

ಓದುಗ72:
ಹಾಗಾದರೆ ಇನ್ನೂರು ವರ್ಷದ ಹೆಸರು ಅಷ್ಟೇನಾ? ಅದನ್ನ ಪರಂಪರೆ ಅಂತ ಹೇಗೆ ಕರೀತೀರಿ? ಯಾರೋ ಕವಿ ಬೇಜಾರಿಗೆ ಬರೆದ ಹೆಸರು.

ಧಾರವಾಡ_ಮಾಸ್ತರ:
ಏನ್ರೀ ಹಂಗ ಅಂತೀರಿ! ರಷ್ಯಾದ ದೊಡ್ಡ ಕವಿ ಪುಷ್ಕಿನ್ನನ ‘ಯೆವ್ಗೆನಿ ಒನೆಗಿನ್’ ಕಾವ್ಯದೊಳಗ ಐದನೇ ಅಧ್ಯಾಯದ ತಲೀ ಮ್ಯಾಲೆ ಈ ಕವನದ್ದೇ ಸಾಲು ಅದ. ಅದರ ನಾಯಕಿ ತತ್ಯಾನಾ ಹೆಂಗ ಅದಾಳ ಅಂದ್ರ, ಸ್ವೆತ್ಲಾನಾನಂಗ ಮೌನ, ಸ್ವೆತ್ಲಾನಾನಂಗ ದುಃಖ ಅಂತ ಬರದಾನ. 1836ರಾಗ ಬ್ರ್ಯುಲೋವ್ ಅಂಬೋ ಚಿತ್ರಕಾರ ಆಕಿ ಕನ್ನಡಿ ಮುಂದ ಕುಂತಿದ್ದನ್ನ ಚಿತ್ರ ಬರದಾನ. ಒಂದು ದೇಶದ ಸಾಲಿ ಮಕ್ಕಳು ತಲೆಮಾರುಗಟ್ಟಲೆ ಬಾಯಿಪಾಠ ಮಾಡಿದ ಕವನ ಪರಂಪರೆ ಅಲ್ಲಂದ್ರ ಇನ್ಯಾವುದು ಪರಂಪರೆ?

ಓದುಗ72:
ಮಾಸ್ತರೇ, ಕವನ ಪರಂಪರೆ ಇರಬಹುದು. ಹೆಸರಿನ ಬೇರು ಬೇರೆ ಪ್ರಶ್ನೆ. ಓಲ್ಗಾ, ಇರೀನಾ, ನತಾಲ್ಯಾ, ತತ್ಯಾನಾ ಇವೆಲ್ಲ ಅಸಲಿ ರಷ್ಯನ್ ಹೆಸರುಗಳು, ಶತಮಾನಗಳಿಂದ ಇವೆ.

ಪದಮೂಲ:
ಅಲ್ಲೇ ಇರೋದು ವಿಶೇಷ. ನೀವು ಹೇಳಿದ ನಾಲ್ಕರಲ್ಲಿ ಒಂದರ ಬೇರೂ ಸ್ಲಾವ್ ಅಲ್ಲ. ಓಲ್ಗಾ ಸ್ಕ್ಯಾಂಡಿನೇವಿಯಾದ ಹೆಲ್ಗಾ. ಇರೀನಾ ಗ್ರೀಕ್, ಶಾಂತಿ ಅಂತ ಅರ್ಥ. ನತಾಲ್ಯಾ ಲ್ಯಾಟಿನ್. ತತ್ಯಾನಾ ರೋಮ್‌ನಿಂದ ಬಂದದ್ದು. ಆನ್ನಾ, ಮರೀಯಾ ಹೀಬ್ರೂ. 988ರಲ್ಲಿ ಕೀವ್‌ನ ದೊರೆ ವ್ಲದೀಮಿರ್ ಕ್ರೈಸ್ತಧರ್ಮ ತಗೊಂಡ ಮೇಲೆ ಗ್ರೀಕ್ ಕ್ರೈಸ್ತರ ಸಾಮ್ರಾಜ್ಯ ಬೈಜಾಂಟಿಯಂನ ಸಂತರ ಪಂಚಾಂಗವೇ ಬಂತು, ಮಕ್ಕಳ ಹೆಸರು ಅದರಿಂದಲೇ. ಹಳೇ ಸ್ಲಾವ್ ಹೆಸರುಗಳಲ್ಲಿ ಉಳಿದವು ಸಂತರಾದವರ ಹೆಸರುಗಳು. ಲ್ಯುದ್ಮಿಲಾ ಅಂಥದ್ದು. ‘ಲ್ಯುದ್’ ಜನ, ‘ಮಿಲ್’ ಪ್ರಿಯ, ಜನರಿಗೆ ಪ್ರಿಯಳಾದವಳು. 921ರಲ್ಲಿ ಬೊಹೆಮಿಯಾದಲ್ಲಿ (ಈಗಿನ ಚೆಕ್ ದೇಶ) ಕೊಲೆಯಾದ ರಾಣಿ ಲ್ಯುದ್ಮಿಲಾ ಸಂತಳಾದಳು, ಹೆಸರೂ ಬದುಕಿತು. ವೇರಾ, ನಾದೆಝ್ದಾ, ಲ್ಯುಬೋವ್ (ನಂಬಿಕೆ, ಭರವಸೆ, ಪ್ರೀತಿ) ಕೂಡ ಗ್ರೀಕ್ ಸಂತರ ಹೆಸರುಗಳ ಅನುವಾದ.

ಹಾಗಾಗಿ ಬೇರಿನ ಲೆಕ್ಕದಲ್ಲಿ ಇವಕ್ಕಿಂತ ಸ್ವೆತ್ಲಾನಾನೇ ಹೆಚ್ಚು ಸ್ಲಾವ್. ವಯಸ್ಸಿನಲ್ಲಿ ಮಾತ್ರ ಚಿಕ್ಕದು.

ಕಜಾನ್_ರಿಟರ್ನ್:
ಅಕ್ಕನ ಚರ್ಚಿನ ಪ್ರಶ್ನೆಗೂ ಉತ್ತರ ಇಲ್ಲೇ ಇದೆ. ನಾನೂ ಅಲ್ಲೇ ಓದಿದವನು. ನನ್ನ ಹಾಸ್ಟೆಲ್ ವಾರ್ಡನ್ ಸ್ವೆತ್ಲಾನಾ, ಅಡುಗೆಯವರು ಸ್ವೆತ್ಲಾನಾ, ಅನಾಟಮಿ ಮೇಡಂ ಸ್ವೆತ್ಲಾನಾ! ಮೇಡಂ ಹೇಳಿದ್ದು ಇದು: ರಷ್ಯಾದ ಆರ್ಥೊಡಾಕ್ಸ್ ಚರ್ಚಿನ ಪದ್ಧತಿಯಲ್ಲಿ ಮಗುವಿಗೆ ಒಬ್ಬ ಸಂತರ ಹೆಸರು ಬೇಕು, ಆ ಸಂತರೇ ಮಗುವಿನ ರಕ್ಷಕರು. ಸ್ವೆತ್ಲಾನಾ ಅನ್ನೋ ಸಂತಳೇ ಇಲ್ಲ. ಅದಕ್ಕೆ ಅದೇ ಅರ್ಥದ ಗ್ರೀಕ್ ಹೆಸರು ಹುಡುಕಿದರು. ಗ್ರೀಕ್‌ನಲ್ಲಿ ‘ಫೋಸ್’ ಅಂದರೆ ಬೆಳಕು, ಅದರಿಂದ ಫೋತಿನಿ, ಫೋತಿನಿಯಾ. ನಮ್ಮ ಫೋಟೋ ಕೂಡ ಅದೇ ಬೇರಿನದು. ಯೋಹಾನನ ಸುವಾರ್ತೆ ನಾಲ್ಕನೇ ಅಧ್ಯಾಯದಲ್ಲಿ ಬಾವಿ ಹತ್ತಿರ ಯೇಸು ನೀರು ಕೇಳಿದ ಸಮಾರ್ಯದ ಹೆಂಗಸಿಗೆ ಬೈಬಲ್‌ನಲ್ಲಿ ಹೆಸರಿಲ್ಲ, ಸಂಪ್ರದಾಯ ಅವಳನ್ನ ಫೋತಿನಿ ಅಂತ ಕರೆಯುತ್ತೆ.

ಈಗಿನ ರಷ್ಯನ್ ಕ್ಯಾಲೆಂಡರುಗಳಲ್ಲಿ ಫೆಬ್ರವರಿ 26 ಮತ್ತು ಏಪ್ರಿಲ್ 2 ಸ್ವೆತ್ಲಾನಾ ದಿನ ಅಂತ ಇರುತ್ತೆ, ಎರಡೂ ಫೋತಿನಿಯಾ ಹೆಸರಿನ ಸಂತರ ದಿನಗಳು. ಹೆಸರಿನ ದಿನಕ್ಕೆ ಕೇಕ್ ತಪ್ಪಿಸೋ ಹಾಗಿಲ್ಲ, ತಮ್ಮನಿಗೆ ಹೇಳಿ.

ಶಾರದಮ್ಮ_ಜಿ:
ಇದರಲ್ಲಿ ಗೊಂದಲ ಏನಿದೆ ಮಗಳೇ? ನಮ್ಮಲ್ಲಿ ಜನ್ಮನಾಮ ಬೇರೆ, ಕರೆಯೋ ಹೆಸರು ಬೇರೆ ಇರೋಲ್ಲವೇ? ಪುರೋಹಿತರು ಸಂಕಲ್ಪದಲ್ಲಿ ಒಂದು ಹೇಳ್ತಾರೆ, ಸ್ಕೂಲಿನಲ್ಲಿ ಇನ್ನೊಂದು. ಅಮ್ಮನಿಗೆ ಹೀಗೆ ಹೇಳು, ತಕ್ಷಣ ಅರ್ಥವಾಗುತ್ತೆ.

ದಾವಣಗೆರೆ_ಅಕ್ಕ:
ಅಮ್ಮನಿಗೆ ಈಗಷ್ಟೇ ಹೇಳಿದೆ ಶಾರದಮ್ಮಾ. "ಹಂಗಂತ ಮೊದಲೇ ಹೇಳಬಾರದಾ" ಅಂದರು! ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಚರ್ಚು ಒಪ್ಪದಿದ್ದರೆ ಅಷ್ಟೊಂದು ಜನರಿಗೆ ಈ ಹೆಸರು ಬಂದದ್ದು ಹೇಗೆ?

ಕೆಂಪುಪುಸ್ತಕ:
ಕ್ರಾಂತಿಯಿಂದ. 1917ರ ಮುಂಚೆ ಜನನದ ದಾಖಲೆ ಇದ್ದದ್ದು ಚರ್ಚಿನ ಕೈಯಲ್ಲಿ. ಪಂಚಾಂಗದಲ್ಲಿಲ್ಲದ ಹೆಸರು ದಾಖಲಾಗುತ್ತಿರಲಿಲ್ಲ, ಕವನ ಎಷ್ಟೇ ಪ್ರಸಿದ್ಧವಾದರೂ. ಒಂದು ಶತಮಾನ ಪೂರ್ತಿ ಸ್ವೆತ್ಲಾನಾ ಪುಸ್ತಕದಲ್ಲಿತ್ತು, ಹಡಗಿನ ಮೇಲಿತ್ತು, ತೊಟ್ಟಿಲಲ್ಲಿ ಮಾತ್ರ ಇರಲಿಲ್ಲ. 1917ರ ಡಿಸೆಂಬರಿನಲ್ಲಿ ಬೊಲ್ಶೆವಿಕ್ ಸರ್ಕಾರ ಜನನ, ಮದುವೆ ದಾಖಲೆಗಳನ್ನು ಚರ್ಚಿನಿಂದ ಕಿತ್ತುಕೊಂಡಿತು. ಅಲ್ಲಿಂದ ಅಪ್ಪ ಅಮ್ಮ ಏನು ಬೇಕಾದರೂ ಇಡಬಹುದು. ಇಟ್ಟರು ನೋಡಿ! ವ್ಲಾದ್ಲೆನ್ (ವ್ಲದೀಮಿರ್ ಲೆನಿನ್), ನಿನೆಲ್ (ಲೆನಿನ್ ತಿರುಗಿಸಿ ಓದಿದರೆ), ಒಕ್ತ್ಯಾಬ್ರಿನಾ (ಅಕ್ಟೋಬರ್ ಕ್ರಾಂತಿ).

ಆಗ ಸ್ವೆತ್ಲಾನಾ ಹೊಸಬರಿಗೆ ಹೇಳಿ ಮಾಡಿಸಿದ ಹಾಗಿತ್ತು. ಸಂತರ ವಾಸನೆ ಇಲ್ಲ, ಕಿವಿಗೆ ಅಪ್ಪಟ ರಷ್ಯನ್, ಅರ್ಥ ಬೆಳಕು. 1920ರಲ್ಲಿ ಇಡೀ ದೇಶಕ್ಕೆ ವಿದ್ಯುತ್ ಕೊಡುವ ಯೋಜನೆ ಶುರುವಾಗಿತ್ತು, ಹಳ್ಳಿಗಳಿಗೆ ಬಂದ ಬಲ್ಬನ್ನು ಜನ ‘ಇಲ್ಯಿಚ್‌ನ ದೀಪ’ ಅನ್ನುತ್ತಿದ್ದರು (ಇಲ್ಯಿಚ್ ಅಂದರೆ ಲೆನಿನ್). ಬೆಳಕು ಅನ್ನುವುದೇ ಆ ಕಾಲದ ಮಂತ್ರ. 1926ರಲ್ಲಿ ಸ್ಟಾಲಿನ್ ತನ್ನ ಮಗಳಿಗೇ ಈ ಹೆಸರಿಟ್ಟ. ಕ್ರಾಂತಿಯ ಕಾಲದಲ್ಲಿ ಚಾಲ್ತಿಗೆ ಬಂದ ಎಷ್ಟೋ ಹೆಸರು ಒಂದೇ ತಲೆಮಾರಿಗೆ ನಿಂತುಹೋದವು, ಇದು ಮಾತ್ರ ಮುಂದುವರಿಯಿತು. ಅದಕ್ಕೆ ಕಾರಣ ಕವನ ಅಂತ ನನ್ನ ನಂಬಿಕೆ. ಅಜ್ಜಿಗೂ ಗೊತ್ತಿದ್ದ ಹೆಸರು, ಪಾರ್ಟಿಗೂ ಒಪ್ಪಿಗೆಯಾದ ಹೆಸರು.

ಓದುಗ72:
ಸ್ಟಾಲಿನ್ ಮಗಳ ಹೆಸರು ಅಂತ ಇಡೋದು ಬೇಡ ಅಂತ ನಾನಂತೂ ಹೇಳ್ತೀನಿ.

ಧಾರವಾಡ_ಮಾಸ್ತರ:
ಆಕಿ ಕಥಿ ಗೊತ್ತಿದ್ರ ಹಂಗ ಅನ್ನತಿರಲಿಲ್ಲ. ಆಕಿ ಅಪ್ಪನ ಹೆಸರು ಬಿಟ್ಟು 1957ರಾಗ ತಾಯಿ ಮನಿತನದ ಹೆಸರು ಅಲ್ಲಿಲುಯೆವಾ ಅಂತ ತಗೊಂಡಳು. ಮಾಸ್ಕೋದಾಗ ನಮ್ಮ ಉತ್ತರಪ್ರದೇಶದ ಕಾಲಾಕಾಂಕರದ ಬ್ರಜೇಶ್ ಸಿಂಗ್ ಜೋಡಿ ಬಾಳಿದಳು, ಮದುವಿಗೆ ಸರ್ಕಾರ ಪರವಾನಗಿ ಕೊಡಲಿಲ್ಲ. 1966ರಾಗ ಅವರು ತೀರಿಕೊಂಡಾಗ ಅಸ್ಥಿ ತಗೊಂಡು ಆಕಿನ ಭಾರತಕ್ಕ ಬಂದಳು. ಕಾಲಾಕಾಂಕರದಾಗ ಗಂಗಾ ದಂಡಿ ಮ್ಯಾಲೆ ಇದ್ದಳು, ಇಲ್ಲೇ ಇರತೀನಿ ಅಂದಳು, ಇರಲಿಕ್ಕೆ ಬಿಡಲಿಲ್ಲ. 1967ರ ಮಾರ್ಚ್ 6ಕ್ಕ ದಿಲ್ಲಿಯೊಳಗಿನ ಅಮೆರಿಕಾ ರಾಯಭಾರ ಕಚೇರಿಗೆ ಹೋಗಿ ಆಸರೆ ಕೇಳಿದಳು. ಮುಂದ ಅಮೆರಿಕಾದಾಗ ಲಾನಾ ಪೀಟರ್ಸ್ ಆಗಿ 2011ರಾಗ ತೀರಿಕೊಂಡಳು. ಸ್ವೆತ್ಲಾನಾದೊಳಗಿನ ‘ಲಾನಾ’ ಅಷ್ಟ ಉಳಿಸಿಕೊಂಡಳು. ಅಪ್ಪನ ಪಾಪ ಮಗಳ ಹೆಸರಿಗೆ ಹಚ್ಚಬ್ಯಾಡ್ರಿ.

ಮಲ್ನಾಡ್_ಹುಡ್ಗಿ:
ಎರಡನೇ ಮಾತಿಲ್ಲ ಮಾಸ್ತರೇ. ಹೆಸರು ಹೊತ್ತವರನ್ನ ನೋಡಬೇಕು ಅಂದರೆ ಸ್ವೆತ್ಲಾನಾ ಸವಿತ್ಸ್ಕಾಯಾ ಅವರನ್ನ ನೋಡಿ. ಬಾಹ್ಯಾಕಾಶ ನಡಿಗೆ ಮಾಡಿದ ಮೊದಲ ಮಹಿಳೆ, 1984ರ ಜುಲೈ 25. ನಮ್ಮ ರಾಕೇಶ್ ಶರ್ಮಾ ಏಪ್ರಿಲ್‌ನಲ್ಲಿ ಹೋಗಿದ್ದ ಸಲ್ಯೂತ್-7 ನಿಲ್ದಾಣದಲ್ಲೇ! ಬೆಲರೂಸ್‌ನ ಸ್ವೆತ್ಲಾನಾ ಅಲೆಕ್ಸಿಯೆವಿಚ್ ಅವರಿಗೆ 2015ರಲ್ಲಿ ಸಾಹಿತ್ಯದ ನೊಬೆಲ್. ಟೆನಿಸ್‌ನ ಕುಜ್ನೆತ್ಸೊವಾ 2004ರಲ್ಲಿ ಯುಎಸ್ ಓಪನ್ ಗೆದ್ದವರು. ಸಾಕಾ?

ಶ್ರೀಹರಿ_ಬೆಂಗಳೂರು:
ಇಷ್ಟೆಲ್ಲ ಯಾಕೆ? ನಮ್ಮ ‘ಶ್ವೇತಾ’ನೇ ಅಲ್ಲಿಗೆ ಹೋಗಿ ಸ್ವೆತಾ ಆಗಿದ್ದು. ಸಂಸ್ಕೃತದಿಂದ ಹೋದ ಹೆಸರು. ಮುಗೀತು.

ಪದಮೂಲ:
ಹೋಗಿದ್ದಲ್ಲ ಶ್ರೀಹರಿಯವರೇ. ಎರಡೂ ಅಕ್ಕತಂಗಿಯರು, ತಾಯಿ ಮಗಳಲ್ಲ. ಸಂಸ್ಕೃತ, ಸ್ಲಾವ್ ಎರಡಕ್ಕೂ ಹಿಂದಿನ ಒಂದೇ ಮೂಲಭಾಷೆಯಿಂದ ಇಬ್ಬರಿಗೂ ಬಂದ ಬೇರು. ಸಂಸ್ಕೃತದಲ್ಲಿ ‘ಶ’ ಇರುವ ಕಡೆ ರಷ್ಯನ್‌ನಲ್ಲಿ ‘ಸ’ ಇರೋದು ನಿಯಮ. ಶತ, ಅವರಲ್ಲಿ ‘ಸ್ತೋ’. ದಶ, ಅವರಲ್ಲಿ ‘ದೆಸ್ಯತ್’. ಹಾಗೇ ಶ್ವೇತ, ‘ಸ್ವೆತ್’. ಇಲ್ಲಿ ಬಿಳುಪು ಅನ್ನೋ ಅರ್ಥ ಗಟ್ಟಿಯಾಯಿತು, ಅಲ್ಲಿ ಬೆಳಕು. ಇಂಗ್ಲಿಷಿನ ‘ವೈಟ್’ ಕೂಡ ಇದೇ ಬಳಗದ್ದು.

ನನಗೆ ಇನ್ನೂ ಇಷ್ಟವಾದದ್ದು: ರಷ್ಯನ್‌ನಲ್ಲಿ ‘ಸ್ವೆತ್’ ಅಂದರೆ ಬೆಳಕೂ ಹೌದು, ಲೋಕವೂ ಹೌದು. ನಮ್ಮ ‘ಲೋಕ’ ಪದದ ಬೇರೂ ಹೊಳೆ, ಬೆಳಗು ಅನ್ನುವ ಧಾತುವೇ, ‘ಆಲೋಕ’ದಲ್ಲಿ ಆ ಅರ್ಥ ಈಗಲೂ ಕಾಣುತ್ತೆ. ಬೇರೆ ಬೇರೆ ಬೇರುಗಳಿಂದ ಎರಡು ಭಾಷೆ ಒಂದೇ ಜಾಗಕ್ಕೆ ಬಂದಿವೆ.

ಶ್ರೀಹರಿ_ಬೆಂಗಳೂರು:
ಅಂದರೆ ಅಜ್ಜಿ ದಾವಣಗೆರೆಯಿಂದ ಫೋನಲ್ಲಿ ಶ್ವೇತಾ ಅಂತ ಕರೆದರೂ ಮಗು ತಿರುಗುತ್ತೆ ತಾನೇ? ನನಗೆ ಅಷ್ಟು ಸಾಕು.

ಕಜಾನ್_ರಿಟರ್ನ್:
ಖಂಡಿತ ತಿರುಗುತ್ತೆ. ಮನೆಯಲ್ಲಿ ಕರೆಯೋದು ‘ಸ್ವೆತಾ’, ಮುದ್ದಿಗೆ ‘ಸ್ವೆತೋಚ್ಕಾ’, ‘ಸ್ವೆತಿಕ್’. ‘ಸ್ವೆತ್ಕಾ’ ಅನ್ನೋದು ಸಲಿಗೆ ಇದ್ದವರಿಗೆ ಮಾತ್ರ, ಬೇರೆಯವರು ಅಂದರೆ ಒರಟಾಗುತ್ತೆ. ಉಕ್ರೇನ್‌ನಲ್ಲಿ ‘ಸ್ವಿತ್ಲಾನಾ’, ಬೆಲರೂಸ್‌ನಲ್ಲಿ ‘ಸ್ವ್ಯತ್ಲಾನಾ’.

ಇನ್ನೊಂದು ವಿನಂತಿ: ಪೇಪರಿನವರ ಹಾಗೆ ‘ಸ್ವೆಟ್ಲಾನಾ’ ಅಂತ ಬರೀಬೇಡಿ. ರಷ್ಯನ್ ‘ತ’ ಹಲ್ಲಿಗೆ ತಾಗೋ ‘ತ’, ನಮ್ಮದರ ಹಾಗೇ. ಇಂಗ್ಲಿಷ್ ಮೂಲಕ ಓದಿ ‘ಟ’ ಮಾಡಿದ್ದಾರೆ. ಒತ್ತು ‘ಲಾ’ ಮೇಲೆ ಬರಬೇಕು.

ಕುಡ್ಲ_ಪ್ರಶಾಂತ್:
ಮಾರಾಯ್ರೆ, ನಮ್ಮ ಬೆಂಗಳೂರಿನ ಚಿತ್ರಕಾರ ಸ್ವೆತೊಸ್ಲಾವ್ ರೋರಿಕ್ ಹೆಸರೂ ಇದೇ ಅಲ್ವಾ? ಕನಕಪುರ ರಸ್ತೆಯ ತಾತಗುಣಿ ಎಸ್ಟೇಟು, ದೇವಿಕಾ ರಾಣಿ ಗಂಡ.

ಪದಮೂಲ:
ಚೆನ್ನಾಗಿ ನೆನಪಿಸಿದಿರಿ. ಇಂಗ್ಲಿಷ್‌ನಲ್ಲಿ ಸ್ವೆತೊಸ್ಲಾವ್ ಅಂತ ರೂಢಿಯಾಗಿದೆ, ರಷ್ಯನ್‌ನಲ್ಲಿ ಅವರು ‘ಸ್ವ್ಯತೊಸ್ಲಾವ್’. ಅದು ‘ಸ್ವ್ಯತ್’, ಪವಿತ್ರ, ಬೇರೆ ಬೇರು. ಪಾರ್ಸಿ ಧರ್ಮಗ್ರಂಥದ ಅವೆಸ್ತಾ ಭಾಷೆಯ ‘ಸ್ಪೆಂತ’ ಇದರ ಬಂಧು. ‘ಸ್ಲಾವ’ ಅಂದರೆ ಕೀರ್ತಿ, ನಮ್ಮ ‘ಶ್ರವಸ್’. ಇಂದ್ರನ ಕುದುರೆ ಉಚ್ಚೈಃಶ್ರವಸ್‌ನಲ್ಲಿ ಇರೋದು ಅದೇ. ಇದು ನಿಜವಾಗಿಯೂ ಪುರಾತನ ಹೆಸರು, ಹತ್ತನೇ ಶತಮಾನದಲ್ಲೇ ಕೀವ್‌ನ ದೊರೆ ಸ್ವ್ಯತೊಸ್ಲಾವ್ ಇದ್ದ. ರೋರಿಕ್ 1993ರಲ್ಲಿ ಬೆಂಗಳೂರಿನಲ್ಲೇ ತೀರಿಕೊಂಡರು. ಚಿತ್ರಕಲಾ ಪರಿಷತ್ತಿನಲ್ಲಿ ಅವರ ಚಿತ್ರಗಳಿವೆ, ನೋಡದವರು ಹೋಗಿ ನೋಡಿ.

ವಾಲ್ವ್_ರಾಜು:
ನಮ್ಮಂಥ ರೇಡಿಯೋ ರಿಪೇರಿಯವರಿಗೆ ಸ್ವೆತ್ಲಾನಾ ಅಂದರೆ ವಾಲ್ವ್. ಪೀಟರ್ಸ್‌ಬರ್ಗ್‌ನ ಕಾರ್ಖಾನೆ. 1913ರಲ್ಲಿ ಅವರು ಬಲ್ಬಿಗೆ ಇಟ್ಟ ಹೆಸರು, ಆಮೇಲೆ ಕಾರ್ಖಾನೆಗೇ ಅಂಟಿತು. ಹಳೇ ಆಂಪ್ಲಿಫೈಯರಿಗೆ ಅವರ ವಾಲ್ವ್ ಸಿಕ್ಕರೆ ಬಿಡಬೇಡಿ, ಧ್ವನಿ ತುಂಬಾ ಮೃದು.

ಕೆಂಪುಪುಸ್ತಕ:
ರಷ್ಯಾದ ಪೂರ್ವತುದಿಯ ಬಂದರು ವ್ಲಾದಿವೊಸ್ತೋಕ್‌ನ ಮುಖ್ಯರಸ್ತೆಯೂ ಸ್ವೆತ್ಲಾನ್ಸ್ಕಾಯಾ. ನಾನು ಹೇಳಿದ ಹಡಗು ಅದೇ. ‘ಸ್ವೆತ್ಲಾನಾ’ ಯುದ್ಧನೌಕೆ ಅಲ್ಲಿಗೆ ಬಂದ ನೆನಪಿಗೆ 1873ರಲ್ಲಿ ಇಟ್ಟ ಹೆಸರು. 1924ರಲ್ಲಿ ಲೆನಿನ್ ಬೀದಿ ಮಾಡಿದರು, 1992ರಲ್ಲಿ ಮತ್ತೆ ಸ್ವೆತ್ಲಾನ್ಸ್ಕಾಯಾ ಆಯಿತು.

ಓದುಗ72:
ಚರ್ಚೆ ವಾಲ್ವಿಗೆ, ಬೀದಿಗೆ ಹೋಯಿತು. ನನ್ನ ನಿಲುವು ಇಷ್ಟೇ: ಮಗುವಿಗೆ ತಲೆಮಾರುಗಳಿಂದ ಬಂದ ಹೆಸರು ಇಡಬೇಕು. ಅಲ್ಲಿ ಈಗ ಇದು ಅಜ್ಜಿಯರ ಹೆಸರು, ಎಳೆಯ ಮಕ್ಕಳಿಗೆ ಯಾರೂ ಇಡೋಲ್ಲ ಅಂತಲೂ ಕೇಳಿದ್ದೇನೆ.

ಕಜಾನ್_ರಿಟರ್ನ್:
ಅಜ್ಜಿಯರ ಹೆಸರು ಅನ್ನೋದು ನಿಜ. ನಾನು ಕಂಡ ಸ್ವೆತ್ಲಾನಾಗಳೆಲ್ಲ ಸೋವಿಯತ್ ಕಾಲದಲ್ಲಿ ಹುಟ್ಟಿದವರು. ಈಗಿನವರಿಗೆ ಸೋಫಿಯಾ, ಅಲಿಸಾ, ಮಿಲಾನಾ ಬೇಕು. ಆದರೆ ಇಲ್ಲಿ ಅಜ್ಜಿಯ ಹೆಸರನ್ನೇ ಮೊಮ್ಮಗಳಿಗೆ ಇಡ್ತಿದ್ದಾರೆ ಸರ್, ತಲೆಮಾರಿನಿಂದ ಬಂದದ್ದು ಇನ್ನು ಹೇಗಿರಬೇಕು?

ಶಾರದಮ್ಮ_ಜಿ:
ಅಜ್ಜಿ ಹೆಸರು ಮೊಮ್ಮಗಳಿಗೆ ಇಡೋದು ನಮ್ಮಲ್ಲೂ ಇದೆ. ಬೀಗಿತ್ತಿಯವರ ಆಸೆ ನ್ಯಾಯವಾದದ್ದು.

ದಾವಣಗೆರೆ_ಅಕ್ಕ:
ತಮ್ಮನ ಜೊತೆ ಮಾತಾಡಿದೆ. ಸ್ವೆತ್ಲಾನಾನೇ ಗಟ್ಟಿ ಆಯಿತು. ಅಮ್ಮ ತೊಟ್ಟಿಲಲ್ಲಿ ಕಿವಿಗೆ ‘ಶ್ವೇತಾ’ ಅಂತ ಹೇಳ್ತಾರಂತೆ, ಅಲ್ಲಿ ಪಾದ್ರಿ ಫೋತಿನಿಯಾ ಅನ್ನಲಿ. ಮೂರರಲ್ಲೂ ಬೆಳ್ಳಗೆ ಬೆಳಗೋದೇ ಇದೆ, ಚಿಂತೆಯಿಲ್ಲ ಅಂದರು. ಕೊನೇ ಪ್ರಶ್ನೆ: ಹೆಸರಿನ ನಡುವೆ ಅಪ್ಪನ ಹೆಸರು ಸೇರಿಸ್ತಾರಂತಲ್ಲ, ಮಂಜುನಾಥ ಅನ್ನೋದನ್ನ ಹೇಗೆ ಸೇರಿಸ್ತಾರೆ?

ಕಜಾನ್_ರಿಟರ್ನ್:
ಮಂಜುನಾಥೊವ್ನಾ! ಗಂಡುಮಗು ಆಗಿದ್ದರೆ ಮಂಜುನಾಥೊವಿಚ್. ಅಪ್ಪನ ಹೆಸರು ವ್ಯಂಜನದಲ್ಲಿ ಮುಗಿದರೆ ಮಗಳಿಗೆ ‘ಒವ್ನಾ’ ಸೇರುತ್ತೆ, ಅವರು ನಮ್ಮ ಕೊನೇ ‘ಅ’ ಬಿಟ್ಟು ಮಂಜುನಾಥ್ ಅಂತಲೇ ಬರೆದುಕೊಳ್ತಾರೆ. ಮುಂದೆ ಅವಳು ಟೀಚರೋ ಡಾಕ್ಟರೋ ಆದರೆ ಎಲ್ಲರೂ ಗೌರವದಿಂದ "ಸ್ವೆತ್ಲಾನಾ ಮಂಜುನಾಥೊವ್ನಾ" ಅಂತಲೇ ಕರೀಬೇಕು. ಬರೀ ಹೆಸರು ಕರೆದರೆ ಅಲ್ಲಿ ಮರ್ಯಾದೆಯಲ್ಲ.

ಬೆಣ್ಣೆದೋಸೆ_ಪ್ರಿಯ:
ಸ್ವೆತ್ಲಾನಾ ಮಂಜುನಾಥೊವ್ನಾ!! ಧರ್ಮಸ್ಥಳದಲ್ಲಿ ಒಂದು ಪೂಜೆ ಮಾಡಿಸಿಬಿಡಿ ಅಕ್ಕಾ.

ಮಲ್ನಾಡ್_ಹುಡ್ಗಿ:
ವಿಷಯ ಬಿಟ್ಟು ಕೇಳ್ತಿದೀನಿ, ನನ್ನ ಆಫೀಸಲ್ಲಿ ಒಬ್ಬರು ಒಕ್ಸಾನಾ ಇದ್ದಾರೆ, ಉಕ್ರೇನಿನವರು. ಅದೂ ಕವಿ ಮಾಡಿದ ಹೆಸರಾ?

ಪದಮೂಲ:
ಅಲ್ಲ, ಅದು ಗ್ರೀಕ್‌ನ ಕ್ಸೇನಿಯಾ, ಉಕ್ರೇನ್ ಜನರ ಬಾಯಲ್ಲಿ ತಿರುಗಿ ಒಕ್ಸಾನಾ ಆಗಿದೆ. ಅತಿಥಿಸತ್ಕಾರ ಅಂತ ಅರ್ಥ. ಅದಕ್ಕೆ ಬೇರೆ ಚರ್ಚೆ ಶುರು ಮಾಡಿ, ಬರ್ತೀನಿ.